ಓದುಗರ ಪ್ರಶ್ನೆಗೆ ಉತ್ತರ: ಗರಾಂಸ್ ಎಂಬ ಹೆಸರು, ಬೇರಿನಲ್ಲಿರುವ ಕೆಂಪು

ಪ್ರಶ್ನೆ: ನನ್ನ ಮಗಳು ಏಳು ವರ್ಷಗಳಿಂದ ಫ್ರಾನ್ಸಿನ ಲಿಯೋನ್ ನಗರದಲ್ಲಿದ್ದಾಳೆ. ಅಳಿಯ ಫ್ರೆಂಚರು. ಬರುವ ತಿಂಗಳು ಹೆರಿಗೆ. ಹೆಣ್ಣು ಮಗುವಾದರೆ ‘ಗರಾಂಸ್’ ಎಂದು ಹೆಸರಿಡುವುದಾಗಿ ಇಬ್ಬರೂ ನಿಶ್ಚಯಿಸಿಕೊಂಡಿದ್ದಾರೆ. ಕೇಳಿದ ಕೂಡಲೇ ನನಗೆ ‘ಗ್ಯಾರಂಟಿ’ ಎಂಬ ಮಾತು ನೆನಪಾಯಿತು. ಅದು ಯಾವುದೋ ಕೆಂಪು ಹೂವಿನ ಹೆಸರೆಂದು ಮಗಳು ಹೇಳುತ್ತಾಳೆ. ಅಳಿಯನ ಅಜ್ಜಿಗೂ ಈ ಹೆಸರು ಹೊಸದೆನಿಸಿದೆಯಂತೆ. ಇದರ ಅರ್ಥವೇನು? ಇದರಲ್ಲಿ ಅವರಿಗೆ ಕಂಡ ಚೆಲುವು ಯಾವುದು?
– ಅಜ್ಜಿಯಾಗಲಿರುವ ಓದುಗರೊಬ್ಬರು

ಉತ್ತರ: ಅಮ್ಮಾ, ನಿಮ್ಮ ಪತ್ರದಲ್ಲಿ ಇದಲ್ಲದೆ ಇನ್ನೂ ನಾಲ್ಕು ಪ್ರಶ್ನೆಗಳಿವೆ. ಈ ಹೆಸರು ನನಗೂ ಬಹುಕಾಲದಿಂದ ಪ್ರಿಯವಾದದ್ದು. ಆದ್ದರಿಂದ ಈ ಸಲದ ಅಂಕಣವನ್ನೆಲ್ಲ ಇದಕ್ಕೇ ಮೀಸಲಿಟ್ಟಿದ್ದೇನೆ.

ಮೊದಲು ಗ್ಯಾರಂಟಿಯ ವಿಚಾರ. ಎರಡು ಪದಗಳೂ ಕಿವಿಗೆ ಅಕ್ಕತಂಗಿಯರಂತೆ ಕೇಳಿಸಿದರೂ ಅವುಗಳ ಹುಟ್ಟು ಬೇರೆ ಬೇರೆ. ಹಿಂದೆ ಫ್ರಾಂಕರು ಆಡುತ್ತಿದ್ದ ಜರ್ಮಾನಿಕ್ ನುಡಿಯಿಂದ ಎರಡೂ ಫ್ರೆಂಚಿಗೆ ಬಂದವೆಂಬುದಷ್ಟೇ ಅವುಗಳ ನಂಟು. ಆ ನುಡಿಯಲ್ಲಿ ವಕಾರದಿಂದ ಮೊದಲಾಗುತ್ತಿದ್ದ ಪದಗಳು ಫ್ರೆಂಚರ ಬಾಯಲ್ಲಿ ಗಕಾರಕ್ಕೆ ತಿರುಗಿದವು. ಇಂಗ್ಲಿಷರ ವಿಲಿಯಂ ಫ್ರಾನ್ಸಿನಲ್ಲಿ ಗಿಯೋಮ್ ಆಗಿರುವುದೂ, ಯುದ್ಧಕ್ಕೆ ಇಂಗ್ಲಿಷರು ವಾರ್ ಎನ್ನುವಲ್ಲಿ ಫ್ರೆಂಚರು ಗೇರ್ ಎನ್ನುವುದೂ ಇದೇ ಕಾರಣದಿಂದ. ಹಾಗೆಯೇ ಹಳೆಯ ‘ವರಾಂಸ್’ ಮುಂದೆ ಗರಾಂಸ್ ಆಯಿತು. ಭರವಸೆಯ ಅರ್ಥವುಳ್ಳ ಪದ ಇನ್ನೊಂದು ಧಾತುವಿನಿಂದ ಬಂದದ್ದು.

ಗರಾಂಸ್ ಎಂದರೆ ಬಣ್ಣ ಕೊಡುವ ಒಂದು ಗಿಡ. ಸಸ್ಯಶಾಸ್ತ್ರದಲ್ಲಿ ಅದಕ್ಕೆ ರೂಬಿಯ ಟಿಂಕ್ಟೋರಮ್ ಎಂದು ಹೆಸರು. ಟಿಂಕ್ಟೋರಮ್ ಎಂದರೆ ಲ್ಯಾಟಿನ್ನಿನಲ್ಲಿ ‘ಬಣ್ಣಗಾರರ’ ಎಂದರ್ಥ. ನಾವು ಮಂಜಿಷ್ಠ ಎಂದು ಕರೆಯುವ ಬಳ್ಳಿ ಇದೇ ರೂಬಿಯ ಕುಲಕ್ಕೆ ಸೇರಿದ್ದು. ಆದುದರಿಂದ ಗರಾಂಸನ್ನು ಯೂರೋಪಿನ ಮಂಜಿಷ್ಠ ಎಂದರೆ ತಪ್ಪಾಗದು. ಗಿಡದ ಹೆಸರೇ ಅದರ ಬಣ್ಣಕ್ಕೂ ನಿಂತಿದೆ; ಇಟ್ಟಿಗೆಯ ಛಾಯೆಯಿಂದ ಹಿಡಿದು ಕಡುಗೆಂಪಿನವರೆಗಿನ ಒಂದು ಬೆಚ್ಚನೆಯ ಕೆಂಪಿಗೆ ಫ್ರೆಂಚರು ಇಂದಿಗೂ ಗರಾಂಸ್ ಎನ್ನುತ್ತಾರೆ, ಚಿತ್ರಕಾರರ ಬಣ್ಣದ ಕೊಳವೆಗಳ ಮೇಲೂ ಅದೇ ಹೆಸರು ಇರುತ್ತದೆ.

ನಿಮ್ಮ ಮಗಳ ಮಾತಿನಲ್ಲಿ ಕೆಂಪು ಸರಿ, ಹೂವು ಸರಿಯಲ್ಲ. ಗರಾಂಸಿನ ಹೂವು ಸಾಸಿವೆ ಹೂವಿಗಿಂತಲೂ ಚಿಕ್ಕದು, ತಿಳಿ ಹಳದಿ ಬಣ್ಣದ್ದು. ದಾರಿಯಲ್ಲಿ ಹೋಗುವವರು ಅದನ್ನು ಗಮನಿಸುವುದೇ ಇಲ್ಲ. ನಾಲ್ಕು ಅಂಚಿನ ದಂಟು, ಗೆಣ್ಣು ಗೆಣ್ಣಿಗೂ ಸುತ್ತುಗಟ್ಟಿದ ಎಲೆಗಳು, ಎಲೆಯ ಅಂಚಿನಲ್ಲಿಯೂ ದಂಟಿನ ಮೇಲೆಯೂ ಹಿಂದಕ್ಕೆ ಬಾಗಿದ ಸಣ್ಣ ಕೊಕ್ಕೆಗಳು. ಹತ್ತಿರ ಹೋದರೆ ಸೆರಗು ಹಿಡಿದು ನಿಲ್ಲಿಸುತ್ತದೆ. ಹಣ್ಣು ಮಾಗಿದಾಗ ಕಪ್ಪಗಾಗುತ್ತದೆ. ಕೆಂಪಿನ ಸುಳಿವು ನೆಲದ ಮೇಲೆ ಎಲ್ಲಿಯೂ ಸಿಗುವುದಿಲ್ಲ. ಮೂರನೆಯ ವರ್ಷದ ಹೊತ್ತಿಗೆ ಗಿಡವನ್ನು ಅಗೆದು ತೆಗೆದರೆ ಪೆನ್ಸಿಲ್ ದಪ್ಪದ ಉದ್ದುದ್ದ ಬೇರುಗಳು ಮಣ್ಣಿನೊಂದಿಗೆ ಮೇಲೆ ಬರುತ್ತವೆ. ಅವುಗಳ ಸಿಪ್ಪೆ ಕಂದು. ಒಂದನ್ನು ಮುರಿದು ನೋಡಿದಾಗಲೇ ಒಳಗಿನ ಕಿತ್ತಳೆಗೆಂಪು ಕಾಣುವುದು. ಬೇರು ಒಣಗುತ್ತ ಹೋದಂತೆ ಆ ಬಣ್ಣ ಗಾಢವಾಗುತ್ತದೆ.

ಈ ಬೇರಿನಿಂದ ಉಣ್ಣೆಗೆ ಬಣ್ಣ ಕಟ್ಟುವುದನ್ನು ನಾನು ಒಮ್ಮೆ ಹತ್ತಿರ ನಿಂತು ನೋಡಿದ್ದೇನೆ. ಮೊದಲು ನೂಲನ್ನು ಪಟಿಕದ ನೀರಿನಲ್ಲಿ ನೆನೆಸಿಟ್ಟಿದ್ದರು. ಪಟಿಕವಿಲ್ಲದಿದ್ದರೆ ಬಣ್ಣ ನೂಲನ್ನು ಗಟ್ಟಿಯಾಗಿ ಹಿಡಿಯುವುದಿಲ್ಲ. ಬೇರಿನ ಪುಡಿ ಬೆರೆಸಿದ ನೀರು ನೋಡುವುದಕ್ಕೆ ಬರಿಯ ಕೆಸರು. ಅದನ್ನು ಕುದಿಯಲು ಬಿಡದೆ, ಕೈ ಸುಡುವಷ್ಟು ಬಿಸಿಯಲ್ಲಿಯೇ ಬಹಳ ಹೊತ್ತು ಇಡಬೇಕು. ಕುದಿ ಬಂದರೆ ಬೇರಿನಲ್ಲಿರುವ ಇತರ ಬಣ್ಣಗಳೂ ಹೊರಬಿದ್ದು ಕೆಂಪು ಕಂದಾಗಿಬಿಡುತ್ತದೆ. ಆಮೇಲೆ ನೂಲನ್ನು ತೆಗೆದು ತಣ್ಣೀರಿನಲ್ಲಿ ಜಾಲಿಸಿ ಹಿಂಡಿದಾಗ, ಆ ಕೆಸರಿನಲ್ಲಿ ಇಂಥದೊಂದು ಕೆಂಪು ಎಲ್ಲಿ ಅಡಗಿತ್ತೆಂದು ನಾನು ಬೆರಗಾಗಿ ನಿಂತೆ. ಈ ಹೆಸರು ನನ್ನ ಮನಸ್ಸಿನಲ್ಲಿ ನೆಲೆಯಾದದ್ದು ಅಂದೇ.

ಪದದ ಹಳಮೆಯೂ ಸಣ್ಣದಲ್ಲ. ಚಕ್ರವರ್ತಿ ಶಾರ್ಲಮೇನನ ಕಾಲದಲ್ಲಿ, ಅಂದರೆ ಸುಮಾರು 800ರ ಆಸುಪಾಸಿನಲ್ಲಿ, ಅರಮನೆಯ ಜಮೀನುಗಳನ್ನು ನೋಡಿಕೊಳ್ಳುವವರಿಗಾಗಿ ಲ್ಯಾಟಿನ್ನಿನಲ್ಲಿ ಬರೆಸಿದ ಒಂದು ಆಜ್ಞಾಪತ್ರ ಉಳಿದುಬಂದಿದೆ. ಹೆಂಗಸರು ನೂಲುವ, ನೇಯುವ ಮನೆಗಳಿಗೆ ಹೊತ್ತಿಗೆ ಸರಿಯಾಗಿ ಒದಗಿಸಬೇಕಾದ ಸಾಮಗ್ರಿಗಳ ಪಟ್ಟಿಯೊಂದು ಅದರಲ್ಲಿದೆ: ನಾರು, ಉಣ್ಣೆ, ನೀಲಿ ಬಣ್ಣದ ಸೊಪ್ಪು, ಉಣ್ಣೆ ಬಾಚುವ ಹಣಿಗೆ, ಸಾಬೂನು. ಆ ಸಾಮಾನುಗಳ ನಡುವೆಯೇ ಕೆಂಪು ಬಣ್ಣದ ಬೇರು ‘ವರೆಂಶಿಯ’ ಎಂಬ ಹೆಸರಿನಲ್ಲಿ ಕಾಣಿಸುತ್ತದೆ. ಗರಾಂಸ್ ಎಂಬ ಪದದ ಪೂರ್ವರೂಪ ಇದೇ. ಇಂದು ಹೆಣ್ಣುಮಕ್ಕಳ ಹೆಸರಾಗಿರುವ ಈ ಪದ ಸಾವಿರದ ಇನ್ನೂರು ವರ್ಷಗಳ ಹಿಂದೆ ದುಡಿಯುವ ಹೆಂಗಸರ ಕೈಗೆ ಸೇರಬೇಕಾದ ಸರಕಿನ ಪಟ್ಟಿಯಲ್ಲಿತ್ತೆಂಬುದು ನನಗೆ ಹೂವಿನ ಕಥೆಗಿಂತ ಎಷ್ಟೋ ಪಾಲು ಇಷ್ಟವಾಗುತ್ತದೆ.

ಹಾಗಾದರೆ ಕೆಂಪು ಹೂವಿನ ಮಾತು ಎಲ್ಲಿಂದ ಬಂತು? ಮಾರ್ಸೆಲ್ ಕಾರ್ನೆ ನಿರ್ದೇಶಿಸಿ, ಕವಿ ಝಾಕ್ ಪ್ರೆವೇರ್ ಚಿತ್ರಕಥೆ ಬರೆದ ‘ಲೇಝಾಂಫಾಂ ದ್ಯು ಪಾರದಿ’ ಎಂಬ ಚಿತ್ರ ಜರ್ಮನ್ನರ ಆಕ್ರಮಣದ ದಿನಗಳಲ್ಲಿ ತಯಾರಾಗಿ 1945ರಲ್ಲಿ ತೆರೆಗೆ ಬಂತು. ಅದರ ನಾಯಕಿಯನ್ನು ಎಲ್ಲರೂ ಕರೆಯುವುದು ಗರಾಂಸ್ ಎಂದೇ. ಆ ಪಾತ್ರವನ್ನು ವಹಿಸಿದವರು ಆರ್ಲೆತಿ ಎಂಬ ನಟಿ. ಹತ್ತೊಂಬತ್ತನೆಯ ಶತಮಾನದ ಪ್ಯಾರಿಸ್ಸಿನ ರಂಗಮಂದಿರಗಳ ಸುತ್ತ ನಡೆಯುವ ಆ ಕಥೆಯಲ್ಲಿ ನಾಲ್ವರು ಗಂಡಸರು ಅವಳನ್ನು ಮೆಚ್ಚುತ್ತಾರೆ, ಅವಳು ಮಾತ್ರ ಯಾರ ಸೊತ್ತೂ ಆಗುವುದಿಲ್ಲ. ಗರಾಂಸ್ ಒಂದು ಕೆಂಪು ಹೂವೆಂಬ ಮಾತು ಆ ಚಿತ್ರದ ಸಂಭಾಷಣೆಯಲ್ಲಿಯೇ ಇದೆ. ಅಲ್ಲಿಂದ ಅದು ಜನರ ಬಾಯಿಗೆ ಬಂದಿರಬೇಕೆಂದು ನನ್ನ ಊಹೆ. ಗಿಡಕ್ಕೂ ಬಣ್ಣಕ್ಕೂ ಇದ್ದ ಪದ ಹೆಣ್ಣಿನ ಹೆಸರಾಗಿ ಫ್ರೆಂಚರ ಮನಸ್ಸಿನಲ್ಲಿ ಕೂತದ್ದು ಮುಖ್ಯವಾಗಿ ಈ ಚಿತ್ರದ ನಂತರವೇ. ಹಾಗಿದ್ದೂ ಹೆತ್ತವರು ಅದನ್ನು ತಮ್ಮ ಮಕ್ಕಳಿಗೆ ಹೆಚ್ಚಾಗಿ ಇಡತೊಡಗಿದ್ದು 1990ರ ದಶಕದಿಂದ ಈಚೆಗೆ. ನಿಮ್ಮ ಅಳಿಯನ ಅಜ್ಜಿಗೆ ಹೆಸರು ಹೊಸದೆನಿಸಿದ್ದರಲ್ಲಿ ಆಶ್ಚರ್ಯವಿಲ್ಲ. ಅವರ ಬಾಲ್ಯದಲ್ಲಿ ಗರಾಂಸ್ ಎಂಬ ಓರಗೆಯವಳು ಅವರಿಗೆ ಸಿಕ್ಕಿರಲಾರಳು.

ಇನ್ನು ಚೆಲುವಿನ ಮಾತು. ಫ್ರೆಂಚರಲ್ಲಿ ಗಿಡಮರಗಳ ಹೆಸರುಳ್ಳ ಹೆಣ್ಣುಮಕ್ಕಳು ಬೇಕಾದಷ್ಟಿದ್ದಾರೆ. ರೋಝ್, ವಿಯೋಲೆತ್, ಮಾರ್ಗರೀತ್ ಹಳೆಯವು. ಕಾಪ್ಯುಸೀನ್, ಎಗ್ಲಾಂತೀನ್ ಸ್ವಲ್ಪ ಅಪರೂಪದವು. ಇವೆಲ್ಲ ಕಣ್ಣಿಗೆ ಕಾಣುವ ಹೂಗಳು. ಗರಾಂಸ್ ಒಂದೇ ಬೇರಿನ ಬೆಲೆಯಿಂದ ಹೆಸರಾದದ್ದು. ಅದರ ನಾದವೂ ಗಮನಿಸತಕ್ಕದ್ದು. ಕೊನೆಯ ‘ಆಂಸ್’ ಎಂಬ ಧ್ವನಿ ಕ್ಲೆಮಾಂಸ್, ಕೋಂಸ್ತಾಂಸ್, ಓರ್ತಾಂಸ್ ಮೊದಲಾದ ಹಳೆಯ ಹೆಸರುಗಳಲ್ಲಿದೆ. ಬಾಲ್ಯಕ್ಕೆ ಫ್ರೆಂಚರು ಹೇಳುವ ಆಂಫಾಂಸ್ ಎಂಬ ಪದದಲ್ಲಿದೆ. ಪ್ರೊವಾಂಸ್ ಎಂಬ ಸೀಮೆಯ ಹೆಸರಿನಲ್ಲಿದೆ. ಕೊನೆಗೆ ಅವರು ತಮ್ಮ ದೇಶವನ್ನು ಕರೆಯುವ ಫ್ರಾಂಸ್ ಎಂಬುದರಲ್ಲಿಯೂ ಇದೆ. ಹೀಗಾಗಿ ಕೇಳಿದವರಿಗೆ ಹೆಸರು ಹೊಸದಾದರೂ ಅಪರಿಚಿತವೆನಿಸುವುದಿಲ್ಲ. ಮೊದಲಿನ ‘ಗರ’ ಎಂಬ ಗಡುಸು ಉಲಿಯಂತೂ ಇದರ ವಿಶೇಷ. ಹೆಣ್ಣುಮಕ್ಕಳ ಹೆಸರೆಂದರೆ ಬರಿಯ ಲಕಾರ, ನಕಾರಗಳ ಮೃದುವಾದ ಜೋಡಣೆಯಾಗಿರಬೇಕೆಂಬ ರೂಢಿಗೆ ಇದು ಕಟ್ಟುಬಿದ್ದಿಲ್ಲ, ಮತ್ತು ಅದು ನನಗೆ ಬಹಳ ಒಳ್ಳೆಯದಾಗಿ ತೋರುತ್ತದೆ.

ಪ್ರಶ್ನೆ: ಹಿಂದೆ ಫ್ರೆಂಚ್ ಸೈನಿಕರು ತೊಡುತ್ತಿದ್ದ ಕೆಂಪು ಷರಾಯಿಗೂ ಗರಾಂಸ್ ಎನ್ನುತ್ತಿದ್ದರೆಂದು ಎಲ್ಲಿಯೋ ಓದಿದೆ. ಯುದ್ಧದ ನೆನಪು ತರುವ ಪದವನ್ನು ಮಗುವಿಗೆ ಇಡಬಹುದೇ?

ಉತ್ತರ: ನೀವು ಓದಿದ್ದು ನಿಜ. ದೊರೆ ಹತ್ತನೆಯ ಶಾರ್ಲನ ಕಾಲದಲ್ಲಿ, 1829ರಲ್ಲಿ, ಫ್ರೆಂಚ್ ಪದಾತಿಗಳಿಗೆ ಗರಾಂಸ್ ಬಣ್ಣದ ಷರಾಯಿ ಗೊತ್ತಾಯಿತು. 1914ರ ಆಗಸ್ಟಿನಲ್ಲಿ ಮೊದಲ ಮಹಾಯುದ್ಧ ಆರಂಭವಾದಾಗಲೂ ಅವರು ಅದನ್ನೇ ತೊಟ್ಟು ಹೊರಟರು. ದೂರದಿಂದಲೇ ಗುರಿಯಿಡಬಲ್ಲ ಬಂದೂಕುಗಳ ಎದುರು ಆ ಎದ್ದುಕಾಣುವ ಕೆಂಪಿನಿಂದ ಅಪಾಯವಾಯಿತು. ಮರುವರ್ಷದೊಳಗೆ ಅದರ ಬದಲು ದಿಗಂತದ ನೀಲಿ ಎಂದು ಕರೆಯಲಾದ ಬೂದುನೀಲಿ ಸಮವಸ್ತ್ರ ಬಂತು. ಆ ಷರಾಯಿಯ ಆಯುಷ್ಯ ಸುಮಾರು 85 ವರ್ಷ. ಅದಕ್ಕೆ ಮೊದಲು ಸಾವಿರ ವರ್ಷ ಈ ಪದ ಉಣ್ಣೆ, ಹತ್ತಿ, ನೂಲುಗಳ ಜೊತೆಗಿತ್ತು. ಇಂದು ಈ ಹೆಸರು ಕೇಳಿದ ಫ್ರೆಂಚರ ನೆನಪಿಗೆ ಮೊದಲು ಬರುವುದು ಬಣ್ಣ ಇಲ್ಲವೇ ಆ ಚಿತ್ರದ ನಾಯಕಿ. ನೀವು ಅಂಜಬೇಕಾಗಿಲ್ಲ.

ಷರಾಯಿಗಿಂತ ಬೆಳೆಗಾರರ ಕಥೆ ನಿಮಗೆ ತಿಳಿದಿರಲಿ, ಏಕೆಂದರೆ ಅದು ನಡೆದ ಸ್ಥಳ ಲಿಯೋನಿನಿಂದ ರೋನ್ ನದಿಗುಂಟ ದಕ್ಷಿಣಕ್ಕೆ ಇಳಿದರೆ ಸಿಗುವ ಅವಿನ್ಯೋನ್ ನಗರದ ಸುತ್ತಮುತ್ತ. ಹದಿನೆಂಟನೆಯ ಶತಮಾನದ ನಡುಭಾಗದಲ್ಲಿ, ಆ ಸೀಮೆ ಇನ್ನೂ ಪೋಪರ ಆಳ್ವಿಕೆಯಲ್ಲಿದ್ದಾಗ, ಝಾಂ ಆಲ್ತೆನ್ ಎಂಬ ಅರ್ಮೇನಿಯನ್ ಮೂಲದ ವ್ಯಕ್ತಿ ಅಲ್ಲಿ ಗರಾಂಸಿನ ಬೇಸಾಯವನ್ನು ಬೆಳೆಸಿದನು. ಬೇರು ಒಣಗಿಸುವ ಮನೆಗಳೂ, ಅದನ್ನು ಪುಡಿ ಮಾಡುವ ಗಿರಣಿಗಳೂ ಎದ್ದವು. ಆ ಜೌಗು ನೆಲದ ಒಂದು ಊರು ಅವನ ಹೆಸರನ್ನೇ ಹೊತ್ತು ಇಂದಿಗೂ ಆಲ್ತೆನ್-ದೆ-ಪಾಲ್ಯು ಎಂದು ಕರೆಸಿಕೊಳ್ಳುತ್ತದೆ.

ಆ ಸಮೃದ್ಧಿ ಮುಗಿದದ್ದು ರಸಾಯನಶಾಲೆಯಿಂದ. ಬೇರಿನ ಕೆಂಪಿಗೆ ಕಾರಣವಾದ ಅಲಿಝರಿನ್ ಎಂಬ ವಸ್ತುವನ್ನು 1826ರಲ್ಲಿ ರೋಬಿಕೆ ಮತ್ತು ಕೋಲಾಂ ಎಂಬ ಫ್ರೆಂಚ್ ರಸಾಯನಶಾಸ್ತ್ರಜ್ಞರು ಬೇರ್ಪಡಿಸಿದ್ದರು. 1868ರಲ್ಲಿ ಜರ್ಮನಿಯ ಗ್ರೇಬೆ ಮತ್ತು ಲೀಬರ್ಮನ್ ಅದೇ ವಸ್ತುವನ್ನು ಕಲ್ಲಿದ್ದಲ ಟಾರಿನಲ್ಲಿ ಸಿಗುವ ಆಂಥ್ರಸೀನಿನಿಂದ ತಯಾರಿಸಿ ತೋರಿಸಿದರು. ಮೂರು ವರ್ಷ ನೆಲದಲ್ಲಿ ಕಾಯಬೇಕಾದ ಬಣ್ಣ ಕಾರ್ಖಾನೆಯಿಂದ ಅಗ್ಗವಾಗಿ ಬರತೊಡಗಿದ ಮೇಲೆ ಅವಿನ್ಯೋನಿನ ಹೊಲಗಳು ಒಂದೆರಡು ದಶಕಗಳಲ್ಲಿ ಬರಿದಾದವು. ಕೀಟಗಳ ಬದುಕನ್ನು ಕುರಿತು ಬರೆದು ಲೋಕಪ್ರಸಿದ್ಧರಾದ ಝಾಂ-ಆಂರಿ ಫಾಬ್ರ್ ಆಗ ಅವಿನ್ಯೋನಿನಲ್ಲಿ ಶಾಲಾ ಅಧ್ಯಾಪಕರು. ಈ ಬೇರಿನಿಂದ ಶುದ್ಧ ಬಣ್ಣ ತೆಗೆಯುವ ವಿಧಾನಕ್ಕಾಗಿ ಅವರು ವರ್ಷಗಟ್ಟಲೆ ಶ್ರಮಿಸಿದ್ದರು. ಕೃತಕ ಅಲಿಝರಿನ್ ಅವರ ಆಸೆಯನ್ನೂ ಮಣ್ಣುಗೂಡಿಸಿತು. 1914ರ ಸೈನಿಕರ ಷರಾಯಿಯ ಕೆಂಪು ಕೂಡ ಬೇರಿನದ್ದಲ್ಲ, ಜರ್ಮನಿಯ ಉದ್ಯಮದಿಂದ ಬಂದ ಕೃತಕ ಬಣ್ಣದ್ದು. ಅಂದರೆ ನೀವು ಓದಿದ ಆ ಷರಾಯಿಗೆ ಕೊನೆಗಾಲದಲ್ಲಿ ಉಳಿದದ್ದು ಗರಾಂಸಿನ ಹೆಸರು ಮಾತ್ರ.

ಪ್ರಶ್ನೆ: ಅಲ್ಲಿಯ ಸರ್ಕಾರ ಇಂಥ ಹೆಸರನ್ನು ಒಪ್ಪಿಕೊಳ್ಳುತ್ತದೆಯೇ? ಫ್ರಾನ್ಸಿನಲ್ಲಿ ಹೆಸರಿಗೂ ಕಾನೂನು ಇದೆಯಂತೆ.

ಉತ್ತರ: ಖಂಡಿತ ಒಪ್ಪುತ್ತದೆ. ಈ ಹೆಸರಿನ ಮಕ್ಕಳು ಅಲ್ಲಿ ಈಗ ವರ್ಷವರ್ಷವೂ ನೋಂದಣಿಯಾಗುತ್ತಿದ್ದಾರೆ. ಆದರೆ ಕಾನೂನು ಇದ್ದದ್ದು ನಿಜ, ಮತ್ತು ಅದರ ಇತಿಹಾಸದಲ್ಲಿ ನಮ್ಮ ಗಿಡಕ್ಕೂ ಒಂದು ಜಾಗವಿದೆ.

ಮಹಾಕ್ರಾಂತಿಯ ನಂತರ, 1793ರಲ್ಲಿ, ಫ್ರೆಂಚರು ಸಂತರ ದಿನಗಳ ಹಳೆಯ ಪಂಚಾಂಗವನ್ನು ಬಿಟ್ಟು ಹೊಸದೊಂದನ್ನು ತಂದರು. ದಿನಕ್ಕೊಬ್ಬ ಸಂತನ ಬದಲು ಅದರಲ್ಲಿ ದಿನಕ್ಕೊಂದು ಬೆಳೆ, ಪ್ರಾಣಿ ಇಲ್ಲವೇ ರೈತನ ಉಪಕರಣದ ಹೆಸರಿತ್ತು. ಮಂಜಿನ ತಿಂಗಳಾದ ಬ್ರ್ಯುಮೇರಿನ 23ನೆಯ ದಿನ, ಅಂದರೆ ಸರಿಸುಮಾರು ನವೆಂಬರ್ 13, ಗರಾಂಸಿನ ದಿನವಾಗಿತ್ತು. 1803ರಲ್ಲಿ ಬಂದ ಕಾನೂನು, ವಿವಿಧ ಪಂಚಾಂಗಗಳಲ್ಲಿ ಬಳಕೆಯಲ್ಲಿರುವ ಹೆಸರುಗಳನ್ನೂ ಪ್ರಾಚೀನ ಇತಿಹಾಸದ ಪ್ರಸಿದ್ಧರ ಹೆಸರುಗಳನ್ನೂ ಮಾತ್ರ ಮಕ್ಕಳಿಗೆ ಇಡಬೇಕೆಂದು ವಿಧಿಸಿತು. ಆ ಬಿಗಿ 1966ರಲ್ಲಿ ಸಡಿಲವಾಯಿತು. 1993ರ ಜನವರಿಯ ಕಾನೂನು ಹೆಸರಿನ ಆಯ್ಕೆಯನ್ನು ಹೆತ್ತವರಿಗೇ ಬಿಟ್ಟಿತು. ಈಗ ಮಗು ಹುಟ್ಟಿದ ಐದು ದಿನಗಳೊಳಗೆ ಪುರಭವನದಲ್ಲಿ ಜನನವನ್ನು ತಿಳಿಸಬೇಕು. ಹೆಸರಿನಿಂದ ಮಗುವಿನ ಹಿತಕ್ಕೆ ಧಕ್ಕೆಯಾಗುವುದೆಂದು ಅಲ್ಲಿಯ ಅಧಿಕಾರಿಗೆ ತೋರಿದರೆ ಅವರು ಸರ್ಕಾರಿ ಅಭಿಯೋಜಕರ ಗಮನಕ್ಕೆ ತರಬಹುದು, ತೀರ್ಮಾನ ನ್ಯಾಯಾಧೀಶರದ್ದು.

ಗಿಡದ ಹೆಸರೆಂಬ ಒಂದೇ ಕಾರಣಕ್ಕೆ ಯಾರೂ ತಡೆಯುವುದಿಲ್ಲ. ದಂಪತಿಗಳೊಬ್ಬರು ಮಗಳಿಗೆ ‘ಫ್ರೇಝ್’, ಅಂದರೆ ಸ್ಟ್ರಾಬೆರಿ, ಎಂದು ಹೆಸರಿಡಲು ಹೋದ ಪ್ರಕರಣವೊಂದು 2015ರ ಆರಂಭದಲ್ಲಿ ಸುದ್ದಿಯಾಗಿತ್ತು. ಆ ಪದ ಸೇರಿದ ಒಂದು ಒರಟು ನುಡಿಗಟ್ಟು ಫ್ರೆಂಚಿನಲ್ಲಿದೆ. ಅದನ್ನು ಹೇಳಿ ಮಗುವನ್ನು ಗೇಲಿ ಮಾಡಿಯಾರೆಂದು ನ್ಯಾಯಾಲಯ ಆ ಹೆಸರನ್ನು ಒಪ್ಪಲಿಲ್ಲ. ಹೆತ್ತವರು ‘ಫ್ರೇಝೀನ್’ ಎಂಬ ಹಳೆಯ ಹೆಸರನ್ನು ಆರಿಸಿಕೊಂಡರು. ನನಗೆ ಆ ತೀರ್ಪು ಸರಿಯೆನಿಸಿತು; ಹೆಸರನ್ನು ಆರಿಸುವವರು ಹೆತ್ತವರಾದರೂ ಅದನ್ನು ಶಾಲೆಯ ಅಂಗಳಕ್ಕೆ ಹೊತ್ತುಕೊಂಡು ಹೋಗಬೇಕಾದವಳು ಮಗು. ಗರಾಂಸಿಗೆ ಅಂಥ ತೊಡಕು ಇಲ್ಲ.

ಪ್ರಶ್ನೆ: ಸಂತರ ಹೆಸರಲ್ಲವೆಂಬುದೇ ಅಳಿಯನ ಅಜ್ಜಿಯ ಕೊರಗು. ಅವರಿಗೆ ಏನು ಹೇಳಲಿ?

ಉತ್ತರ: ಗರಾಂಸ್ ಎಂಬ ಹೆಸರಿನ ಸಂತಳಿಲ್ಲವೆಂಬುದು ನಿಜ. ಆದರೆ ಫ್ರೆಂಚರ ಕ್ಯಾಲೆಂಡರಿನಲ್ಲಿ ಅಕ್ಟೋಬರ್ 5 ಸಂತ ಫ್ಲೇರ್ ಅವರ ದಿನ. ಫ್ಲೇರ್ ಎಂದರೆ ಹೂವು. ತಮ್ಮದೇ ಸಂತರಿಲ್ಲದ ಹೂಗಿಡಗಳ ಹೆಸರಿನವರು ಸಾಮಾನ್ಯವಾಗಿ ಅಂದು ಶುಭಾಶಯ ಪಡೆಯುತ್ತಾರೆ. ಜೊತೆಗೆ, ಫ್ರೆಂಚರು ಮಗುವಿಗೆ ಎರಡು ಮೂರು ಹೆಸರುಗಳನ್ನು ನೋಂದಾಯಿಸುವುದು ರೂಢಿ, ಕರೆಯುವುದು ಮೊದಲನೆಯದರಿಂದ. ಎರಡನೆಯದಾಗಿ ಆ ಹಿರಿಯರ ಹೆಸರನ್ನೇ ಸೇರಿಸಬಹುದು, ಮೂರನೆಯದಾಗಿ ನಿಮ್ಮ ಮನೆಯ ಹೆಸರೊಂದನ್ನು. ಮಗಳೊಡನೆ ಇದನ್ನು ಈಗಲೇ ಮಾತಾಡಿಕೊಳ್ಳಿ. ಹೆರಿಗೆಯಾದ ಮೇಲೆ ಐದು ದಿನ ಬೇಗ ಕಳೆದುಹೋಗುತ್ತದೆ.

ಪ್ರಶ್ನೆ: ಅದನ್ನು ಸರಿಯಾಗಿ ಉಚ್ಚರಿಸುವುದು ಹೇಗೆ, ಕನ್ನಡದಲ್ಲಿ ಬರೆಯುವುದು ಹೇಗೆ? ನಾನು ಕರೆದರೆ ‘ಗರಾಂಸು’ ಆಗುತ್ತದೆಂದು ಮಗಳು ನಗುತ್ತಾಳೆ.

ಉತ್ತರ: ‘ಗರಾಂಸ್’ ಎಂದೇ ಬರೆಯಿರಿ, ಇದಕ್ಕಿಂತ ಹತ್ತಿರದ ರೂಪ ನಮ್ಮ ಲಿಪಿಯಲ್ಲಿ ಸಿಗುವುದಿಲ್ಲ. ನಡುವಿನ ಅನುಸ್ವಾರವನ್ನು ನಕಾರವಾಗಿಯೂ ಮಕಾರವಾಗಿಯೂ ಉಚ್ಚರಿಸಬಾರದು. ನಾಲಗೆ ಅಂಗುಳಕ್ಕೆ ತಾಗದೆ, ತುಟಿ ಮುಚ್ಚದೆ, ‘ಆ’ ಎಂಬ ಸ್ವರವೇ ಮೂಗಿನಿಂದ ಹೊರಡಬೇಕು. ರಕಾರ ಗಂಟಲಿನ ಹಿಂಭಾಗದ್ದು. ಅದು ಬಾರದಿದ್ದರೆ ನಮ್ಮ ರಕಾರವನ್ನೇ ಬಳಸಿ. ಯಾರಿಗೂ ಅರ್ಥವಾಗದೆ ಹೋಗುವುದಿಲ್ಲ.

‘ಗರಾಂಸು’ ಎಂದು ಕರೆಯುವುದಕ್ಕೆ ಸಂಕೋಚಪಡಬೇಡಿ. ಫ್ರೆಂಚ್ ಬರವಣಿಗೆಯಲ್ಲಿ ಈ ಹೆಸರಿನ ಕೊನೆಗೆ ಒಂದು ಸ್ವರಾಕ್ಷರವಿದೆ. ಪ್ಯಾರಿಸ್ಸಿನವರೂ ಲಿಯೋನಿನವರೂ ಅದನ್ನು ನುಂಗಿಬಿಡುತ್ತಾರೆ. ಆದರೆ ದಕ್ಷಿಣ ಫ್ರಾನ್ಸಿನವರು, ಅದರಲ್ಲಿಯೂ ಹಿರಿಯರು, ಅದನ್ನು ಬಿಡದೆ ಹಗುರವಾಗಿ ಉಚ್ಚರಿಸುತ್ತಾರೆ. ಅವಿನ್ಯೋನಿನ ಅಜ್ಜಿಯೊಬ್ಬರು ತಮ್ಮ ಮೊಮ್ಮಗಳನ್ನು ಇದೇ ಹೆಸರಿನಿಂದ ಕೂಗಿದರೆ ಅಲ್ಲಿಯೂ ಕೊನೆಯಲ್ಲಿ ಒಂದು ಸಣ್ಣ ಸ್ವರ ಕೇಳಿಸುತ್ತದೆ.